ಬಳ್ಳಾರಿಯ ಒಂದು ದಿನ, ಕಥೆಯಿಲ್ಲದೆ

ಕಥೆಯಾಗಲಿ ನಿರೂಪಣೆಯಾಗಲಿ ಇಲ್ಲದೆ ಬಳ್ಳಾರಿಯ ಒಂದು ದಿನವನ್ನು ಮೊಬೈಲಿನಲ್ಲಿ ಚಿತ್ರೀಕರಿಸಿದರೆ ಅದು ಬರೀ ತುಣುಕುಗಳ ಗುಡ್ಡೆಯಾಗದಂತೆ ಹೇಗೆ ನೋಡಿಕೊಳ್ಳುವುದು ಎಂದು ತಾವು ಕೇಳಿದ್ದೀರಿ. 1927ರಲ್ಲಿ ಜರ್ಮನ್ ಚಲನಚಿತ್ರ ನಿರ್ದೇಶಕ ವಾಲ್ಟರ್ ರುಟ್‌ಮನ್ ಬರ್ಲಿನ್ ನಗರವನ್ನು ಬೆಳಗಿನಿಂದ ರಾತ್ರಿಯವರೆಗೆ ಐದು ಅಂಕಗಳಲ್ಲಿ ಹಿಡಿದಿಟ್ಟರು. 1929ರಲ್ಲಿ ಸೋವಿಯತ್ ನಿರ್ದೇಶಕ ಜಿಗಾ ವೆರ್ತೋವ್ ಕೀವ್, ಖಾರ್ಕಿವ್, ಒಡೆಸ್ಸಾ, ಮಾಸ್ಕೋಗಳ ದೃಶ್ಯಗಳನ್ನು ಒಂದೇ ಊರಿನವೆಂಬಂತೆ ಜೋಡಿಸಿ, ತುಣುಕುಗಳನ್ನು ಕತ್ತರಿಸಿ ಜೋಡಿಸುವ ಸಂಕಲನದ ಮೇಜನ್ನೂ ತೆರೆಯ ಮೇಲೆ ತಂದರು. ನನ್ನ ಮಟ್ಟಿಗೆ ಎರಡನೆಯ ದಾರಿಯೇ ಮೇಲು, ಏಕೆಂದರೆ ಗಡಿಯಾರವನ್ನೇ ನಂಬಿದ ಚಿತ್ರ ಮಧ್ಯಾಹ್ನದ ಹೊತ್ತಿಗೆ ಸುಸ್ತಾಗುತ್ತದೆ (ನಮ್ಮೂರಿನ ಬಿಸಿಲಿನಲ್ಲಿ ಚಿತ್ರ ತೆಗೆಯುವವರೂ ಸುಸ್ತಾಗುತ್ತಾರೆ, ಆ ಮಾತು ಬೇರೆ).

ಹಾಗಾಗಿ ಸಮಯದ ಬದಲು ಚಲನೆಯನ್ನು ಹಿಡಿದು ಜೋಡಿಸಿ. ಜೀನ್ಸ್ ಹೊಲಿಯುವ ಮನೆಯೊಂದರಲ್ಲಿ ಸೂಜಿಯಡಿ ನೀಲಿ ಬಟ್ಟೆ ಸರಿಯುವುದನ್ನು, ಪೆಡಲಿನಿಂದ ಕಾಲು ತೆಗೆದಾಗ ಸದ್ದು ನಿಲ್ಲುವುದನ್ನು ಒಂದು ನಿಮಿಷ ಕದಲದೆ ತೆಗೆಯಿರಿ. ಆ ನಿಂತ ಕ್ಷಣಕ್ಕೇ, ಮಿರ್ಚಿ ಬಂಡಿಯಲ್ಲಿ ಹಿಟ್ಟು ಹತ್ತಿದ ಮೆಣಸಿನಕಾಯಿ ಬೆರಳಿನಿಂದ ಎಣ್ಣೆಗೆ ಜಾರುವ ದೃಶ್ಯವನ್ನು ಸೇರಿಸಿದರೆ ವಿವರಣೆಯೇ ಬೇಕಾಗುವುದಿಲ್ಲ. ಟ್ಯೂಬ್‌ಲೈಟಿನಡಿ ಪಟ್ಟೆಗಳು ಓಡದಿರಲು ಶಟರ್ ವೇಗವನ್ನು (ಒಂದೊಂದು ಚೌಕಟ್ಟಿಗೆ ಬೆಳಕು ಬೀಳುವ ಅವಧಿಯನ್ನು) 1/50 ಸೆಕೆಂಡಿಗೆ ಇಡಿ, ನಮ್ಮ ವಿದ್ಯುತ್ತು 50 ಹರ್ಟ್ಸ್‌ನದು. ಮುಖಗಳನ್ನು ಮಾತ್ರ ಅವರನ್ನು ಕೇಳಿಯೇ ತೆಗೆಯಿರಿ.