ಕಾಸರಗೋಡಿನಲ್ಲಿ ಟೀಚರ್ ಕೆಲಸ ಸಿಕ್ಕಿದರೂ ಸಂಬಳ ಯಾಕೆ ಬರುವುದಿಲ್ಲ?

ಬೆಂಗಳೂರಿನವರಿಗೆ ಇದು ವಿಚಿತ್ರ ಅನ್ನಿಸುವುದು ಸಹಜ. ದಿನಾ ಶಾಲೆಗೆ ಹೋಗ್ತಾರೆ, ಹಾಜರಿ ಹಾಕ್ತಾರೆ, ಪರೀಕ್ಷೆ ಪೇಪರ್ ತಿದ್ದುತ್ತಾರೆ, ಆದರೆ ಸಂಬಳ ಇಲ್ಲ. ನಮ್ಮ ಕಡೆ ಇಂಥವರನ್ನು "ಅಪ್ರೂವಲ್ ಆಗದ ಟೀಚರ್" ಅಂತಾರೆ.

ಕೇರಳದಲ್ಲಿ ಐಡೆಡ್ (ಅನುದಾನಿತ) ಶಾಲೆಗಳು ತುಂಬಾ ಇವೆ. ನಮ್ಮ ಮಂಜೇಶ್ವರ, ಕುಂಬಳೆ ಕಡೆಯ ಎಷ್ಟೋ ಹಳೆಯ ಕನ್ನಡ ಶಾಲೆಗಳೂ ಐಡೆಡ್‌ಗಳೇ. ನೇಮಕ ಮಾಡುವುದು ಶಾಲೆ ನಡೆಸುವ ಮ್ಯಾನೇಜರ್, ಸಂಬಳ ಕೊಡುವುದು ಸರ್ಕಾರ. ಮುಂಡಶ್ಶೇರಿ ಶಿಕ್ಷಣ ಮಂತ್ರಿಯಾಗಿದ್ದಾಗ ತಂದ 1958ರ ಕೇರಳ ಶಿಕ್ಷಣ ಕಾಯ್ದೆ, ಅದರ ಹಿಂದೆಯೇ ಬಂದ 1959ರ ಶಿಕ್ಷಣ ನಿಯಮಗಳು (ನಾವು ಕೆ.ಇ.ಆರ್. ಅನ್ನುವುದು) ಇವತ್ತಿಗೂ ಇದಕ್ಕೆ ಆಧಾರ. ಮ್ಯಾನೇಜರ್ ಸಂಬಳ ಕೊಡದೆ ಸತಾಯಿಸುವುದು ಅದರಿಂದ ತಪ್ಪಿತು, ಅದು ದೊಡ್ಡ ಉಪಕಾರವೇ. ಆದರೆ ನೇಮಕವನ್ನು ಶಿಕ್ಷಣಾಧಿಕಾರಿ ಒಪ್ಪಿ ಸಹಿ ಹಾಕುವ ತನಕ ಸರ್ಕಾರದ ಲೆಕ್ಕದಲ್ಲಿ ನೀವು ಟೀಚರ್ ಅಲ್ಲ.

ಜಗಳ ಹುಟ್ಟುವುದು ಈ ಸಹಿಯ ಸುತ್ತ. ಜೂನ್‌ನಲ್ಲಿ ಶಾಲೆ ಶುರುವಾದ ಆರನೇ ದಿನ ಮಕ್ಕಳ ತಲೆ ಎಣಿಸ್ತಾರೆ. ಕೆಳಗಿನ ತರಗತಿಗಳಲ್ಲಿ 30 ಮಕ್ಕಳಿಗೆ ಒಬ್ಬ ಟೀಚರ್ ಅನ್ನುವ ಲೆಕ್ಕ. ಎರಡು ಮಕ್ಕಳು ಕಮ್ಮಿಯಾದರೂ ಡಿವಿಷನ್ (ತರಗತಿಯ ಒಂದು ವಿಭಾಗ) ಹೋಗಬಹುದು, ಡಿವಿಷನ್ ಜೊತೆ ಪೋಸ್ಟೂ ಹೋಯಿತು. ಒಂದು ತರಗತಿಗೆ ಸರಾಸರಿ 15 ಮಕ್ಕಳೂ ಇಲ್ಲದಿದ್ದರೆ ಶಾಲೆ "ಅನ್‌ಇಕನಾಮಿಕ್", ಅಲ್ಲಿ ದಿನಗೂಲಿ ನೇಮಕ ಮಾತ್ರ. ಹಿಂದೆ ಕೆಲಸ ಕಳೆದುಕೊಂಡ ಟೀಚರ್‌ಗೆ ಕೆ.ಇ.ಆರ್.ನ 51 ಎ ನಿಯಮದ ಪ್ರಕಾರ ಮೊದಲ ಹಕ್ಕು ಇದೆ. ಅವರನ್ನು ಬಿಟ್ಟು ಹೊಸಬರನ್ನು ತೆಗೆದುಕೊಂಡರೆ ಕೇಸು ಬೀಳುತ್ತದೆ. ಮೇಲ್ಮನವಿ ಎಇಒ (ಸಹಾಯಕ ಶಿಕ್ಷಣಾಧಿಕಾರಿ) ಕಚೇರಿಯಿಂದ ಮೇಲೆ ಮೇಲೆ ಹೋಗಿ, ಕೊನೆಗೆ ಎರ್ನಾಕುಳಂನ ಹೈಕೋರ್ಟಿಗೆ ತಲುಪುತ್ತದೆ. ಕಾಸರಗೋಡಿನಿಂದ ಅಲ್ಲಿಗೆ ಹೋಗಿ ಬರುವುದೇ ಒಂದು ಖರ್ಚು, ಅಲ್ವಾ?

ಈಚೆಗೆ ಎಲ್ಲಕ್ಕಿಂತ ಜಾಸ್ತಿ ಫೈಲುಗಳು ಸಿಕ್ಕಿಹಾಕಿಕೊಂಡದ್ದು ಅಂಗವಿಕಲರ ಮೀಸಲಾತಿಯಲ್ಲಿ. ಹಳೆಯ ಕಾನೂನಿನಲ್ಲಿ ಶೇ. 3 ಇತ್ತು, 2017ರಿಂದ ಶೇ. 4. ಮ್ಯಾನೇಜ್‌ಮೆಂಟ್‌ಗಳು ವರ್ಷಗಟ್ಟಲೆ ಅದನ್ನು ಪಾಲಿಸಲಿಲ್ಲ. ಆ ಬಾಕಿ ತುಂಬಿಸಿ ಅಂತ ಕೋರ್ಟು ಹೇಳಿದ್ದು ನ್ಯಾಯವೇ. ಅದು ಅವರ ಹಕ್ಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಅದು ತುಂಬುವ ತನಕ ಉಳಿದವರ ನೇಮಕ ತಾತ್ಕಾಲಿಕ ಅಂದುಬಿಟ್ಟರು. ಮ್ಯಾನೇಜ್‌ಮೆಂಟ್ ಮಾಡಿದ ತಪ್ಪಿಗೆ ದಂಡ ಕಟ್ಟಿದ್ದು ಟೀಚರ್. 2025ರಲ್ಲಿ, ಐಡೆಡ್ ಶಾಲೆಗಳನ್ನು ನಡೆಸುವ ನಾಯರ್ ಸರ್ವೀಸ್ ಸೊಸೈಟಿಯ ಕೇಸಿನಲ್ಲಿ ಸುಪ್ರೀಂ ಕೋರ್ಟು, ಮೀಸಲು ಪೋಸ್ಟ್‌ಗಳನ್ನು ಖಾಲಿ ಇಟ್ಟು ಉಳಿದವನ್ನು ಖಾಯಂ ಮಾಡಬಹುದು ಅಂದಿತು. ನಮಗೂ ಅದೇ ಕೊಡಿ ಅಂತ ಉಳಿದ ಮ್ಯಾನೇಜ್‌ಮೆಂಟ್‌ಗಳೂ ಕೇಳಿದವು.

ಕನ್ನಡ ಶಾಲೆಗೆ ಈ ಕಷ್ಟ ಇನ್ನೂ ಗಟ್ಟಿ. ಕನ್ನಡ ಬಲ್ಲ, ಕೆ-ಟೆಟ್ (ಕೇರಳದ ಟೀಚರ್ ಅರ್ಹತಾ ಪರೀಕ್ಷೆ) ಪಾಸಾದ, ಮೀಸಲಾತಿಗೂ ಹೊಂದುವ ಅಭ್ಯರ್ಥಿ ಸುಲಭಕ್ಕೆ ಸಿಗುವುದಿಲ್ಲ. ಬೇರೆ ಶಾಲೆಯಲ್ಲಿ ಹೆಚ್ಚಾದ ಮಲಯಾಳಂ ಟೀಚರ್‌ನ್ನು ತಂದು ಕೂರಿಸಿದರೆ ಮಕ್ಕಳಿಗೆ ಪಾಠ ಅರ್ಥ ಆಗುವುದಿಲ್ಲ. ಸರ್ಕಾರಿ ಶಾಲೆಗಳಲ್ಲೂ ಕನ್ನಡ ಬಾರದವರನ್ನು ಕನ್ನಡ ಮಾಧ್ಯಮಕ್ಕೆ ನೇಮಿಸಿದಾಗ ಮಕ್ಕಳು, ಹೆತ್ತವರು ಗೇಟಿನ ಮುಂದೆ ಕೂತು ಪ್ರತಿಭಟನೆ ಮಾಡಿದ್ದುಂಟು. ಹಾಗಾಗಿ ಇಲ್ಲಿ ಕನ್ನಡ ಬಲ್ಲ ಒಬ್ಬರ ಫೈಲು ನಿಂತರೆ, ಒಂದು ಕ್ಲಾಸೇ ನಿಂತ ಹಾಗೆ.

ನನಗೆ ಗೊತ್ತಿರುವ ಒಬ್ಬ ಟೀಚರಕ್ಕ ಇದ್ದಾರೆ. ಸಂಬಳದ ದಿನ ಸ್ಟಾಫ್ ರೂಮಿನಲ್ಲಿ ಎಲ್ಲರ ಫೋನಿಗೂ ಬ್ಯಾಂಕಿನ ಮೆಸೇಜು ಬರುತ್ತದೆ. ಅವರು ಚಾಕ್ ತೆಗೆದುಕೊಂಡು ಮೂರನೇ ಕ್ಲಾಸಿಗೆ ಹೋಗ್ತಾರೆ. ಸಂಜೆ ಮನೆಯಲ್ಲಿ ಟ್ಯೂಷನ್, ಅದರಿಂದಲೇ ಬಸ್ಸಿನ ಖರ್ಚು. ಬಿಟ್ಟುಬಿಡಿ ಅಂತ ಸುಮ್ನೆ ಹೇಳಬೇಡಿ. ಬಿಟ್ಟರೆ ಇಷ್ಟು ವರ್ಷದ ಸರ್ವೀಸೂ ಹೋಗುತ್ತದೆ, ಅರಿಯರ್ಸೂ ಹೋಗುತ್ತದೆ.

ನಾವು ಕೇಳುವುದು ಇಷ್ಟೇ: ಕನ್ನಡ ಮಾಧ್ಯಮದ ಫೈಲುಗಳನ್ನು ಅದೇ ಶಾಲಾ ವರ್ಷದೊಳಗೆ ತೀರ್ಮಾನಿಸಿ. ಬೇಡ ಅಂತಾದರೆ ಬೇಡ ಅನ್ನಿ, ಕಾರಣವನ್ನು ಬರೆದು ಕೊಡಿ. ಆಮೇಲೆ ಮೇಲ್ಮನವಿ ಹಾಕುವುದೋ ಬೇರೆ ಕೆಲಸ ಹುಡುಕುವುದೋ ಅವರೇ ನೋಡಿಕೊಳ್ತಾರೆ.