ಧಡಾರನೆ ನಿಂತ ಮನೆ

ಪ್ರಶ್ನೆ: ಮಾನ್ಯರೆ, ನಾನು ಮೂಡಿಗೆರೆ ಕಡೆಯ ಕಾಫಿ ತೋಟವೊಂದರಲ್ಲಿ ಬಹುಕಾಲ ರೈಟರಾಗಿದ್ದು, ಈಗ ಚಿಕ್ಕಮಗಳೂರಿನಲ್ಲಿ ಮಗನ ಮನೆಯಲ್ಲಿದ್ದೇನೆ. ಏಳನೆಯ ತರಗತಿಯ ಮೊಮ್ಮಗಳು ಇಂಗ್ಲಿಷ್ ಕಥೆಯೊಂದನ್ನು ಕನ್ನಡಕ್ಕೆ ತರುತ್ತಿದ್ದಾಗ ‘ಸ್ಲ್ಯಾಪ್-ಬ್ಯಾಂಗ್’ ಎಂಬ ಪದ ಎರಡು ಕಡೆ ಬಂತು. ಮೊದಲನೆಯ ಕಡೆ ಒಬ್ಬ ಹುಡುಗ ಸೈಕಲ್ ಸಮೇತ ಗೇಟಿಗೆ ಹೋಗಿ ಗುದ್ದುತ್ತಾನೆ. ಎರಡನೆಯ ಕಡೆ ಒಂದು ಮನೆ ಹಳ್ಳಿಯ ಮಧ್ಯದಲ್ಲಿದೆ, ಅಷ್ಟೆ. ನಮ್ಮ ಮನೆಯಲ್ಲಿರುವ ನಿಘಂಟು ಈ ಪದಕ್ಕೆ ‘ಧಡಾರನೆ, ರಭಸದಿಂದ’ ಎಂದು ಅರ್ಥ ಕೊಡುತ್ತದೆ. ಅದನ್ನು ನಂಬಿ ಅವಳು ‘ಆ ಮನೆ ಹಳ್ಳಿಯ ಮಧ್ಯದಲ್ಲಿ ಧಡಾರನೆ ನಿಂತಿತ್ತು’ ಎಂದು ಬರೆದಳು. ಅದು ತಪ್ಪೆಂದು ನನಗೆ ತಿಳಿಯಿತು, ಆದರೆ ಸರಿ ಯಾವುದೆಂದು ಹೇಳಿಕೊಡಲು ಬರಲಿಲ್ಲ. ಸದ್ದನ್ನು ಅನುಕರಿಸುವ ಪದಕ್ಕೂ ಒಂದು ಮನೆ ಇರುವ ಜಾಗಕ್ಕೂ ಏನು ಸಂಬಂಧ?
— ಓದುಗರೊಬ್ಬರು, ಚಿಕ್ಕಮಗಳೂರು

ಉತ್ತರ: ನಿಮ್ಮ ಮೊಮ್ಮಗಳು ನಿಘಂಟನ್ನು ಸರಿಯಾಗಿಯೇ ನೋಡಿದ್ದಾಳೆ. ನಿಘಂಟು ಒಂದು ಅರ್ಥವನ್ನು ಹೇಳಿ ಇನ್ನೊಂದನ್ನು ಬಿಟ್ಟಿದೆ. ಆದ್ದರಿಂದ ಅವಳನ್ನು ದಯವಿಟ್ಟು ಗದರಿಸಬೇಡಿ. ಇಂಥ ಪದಗಳ ಮುಂದೆ ನಿಂತು ಯೋಚಿಸುವ ಮಕ್ಕಳೇ ಭಾಷೆಯನ್ನು ನಿಜವಾಗಿ ಕಲಿಯುತ್ತಾರೆ.

ಪದವನ್ನು ಮೊದಲು ಬಿಡಿಸಿ ನೋಡೋಣ. ‘ಸ್ಲ್ಯಾಪ್’ ಎಂಬುದು ಅಂಗೈಯನ್ನು ಬಿಡಿಸಿ ಹೊಡೆದಾಗ ಏಳುವ ಸದ್ದು. ಆ ಪೆಟ್ಟಿಗೂ ಅದೇ ಹೆಸರು. ‘ಬ್ಯಾಂಗ್’ ಎಂಬುದು ಬಾಗಿಲು ಜೋರಾಗಿ ಹಾಕಿಕೊಂಡಾಗ ಅಥವಾ ಕೋವಿ ಹಾರಿದಾಗ ಕೇಳುವ ಸದ್ದು. ಎರಡೂ ನಾಮಪದವಾಗಿ, ಕ್ರಿಯಾಪದವಾಗಿ ಬಿಡಿಬಿಡಿಯಾಗಿ ಬಳಕೆಯಲ್ಲಿರುವ ಪದಗಳೇ ಆಗಿದ್ದು, ಜೋಡಿಯಾದಾಗ ಕ್ರಿಯಾವಿಶೇಷಣದ ಕೆಲಸ ಮಾಡುತ್ತವೆ. ಇಂಗ್ಲಿಷಿನ ಕ್ರಿಯಾವಿಶೇಷಣಗಳೆಲ್ಲ ‘ಲಿ’ ಎಂಬ ಪ್ರತ್ಯಯದಲ್ಲಿ ಕೊನೆಗೊಳ್ಳುತ್ತವೆ ಎಂದು ಶಾಲೆಯಲ್ಲಿ ಕಲಿತವರಿಗೆ ಇದು ಕ್ರಿಯಾವಿಶೇಷಣವೆಂದು ಗುರುತು ಸಿಗುವುದು ಕಷ್ಟ, ಏಕೆಂದರೆ ಇದಕ್ಕೆ ಬಾಲವೇ ಇಲ್ಲ; ಎರಡು ಸದ್ದುಗಳನ್ನು ಒಂದರ ಪಕ್ಕ ಒಂದು ಇಟ್ಟದ್ದೇ ಪದವಾಗಿದೆ.

ಇದರ ಒಂದು ಅರ್ಥ ರಭಸ ಮತ್ತು ಹಠಾತ್ತು. ಹುಡುಗ ಗೇಟಿಗೆ ಗುದ್ದಿದ ವಾಕ್ಯದಲ್ಲಿರುವುದು ಈ ಅರ್ಥ. ಅಲ್ಲಿ ‘ಧಡಾರನೆ ಹೋಗಿ ಗೇಟಿಗೆ ಗುದ್ದಿದ’ ಎಂಬುದು ಸರಿಯಾದ ಅನುವಾದ. ನಿಮ್ಮ ನಿಘಂಟು ಮನಸ್ಸಿನಲ್ಲಿಟ್ಟುಕೊಂಡದ್ದು ಇಂಥ ವಾಕ್ಯವನ್ನೇ. ಆದರೆ ಇದೇ ಅರ್ಥದಲ್ಲಿಯೂ ಎಲ್ಲ ಸಂದರ್ಭಗಳಲ್ಲಿ ಸದ್ದು ಇರಲೇಬೇಕೆಂಬ ನಿಯಮವಿಲ್ಲ. ತಿರುವಿನಲ್ಲಿ ಹಳೆಯ ಗೆಳೆಯನೊಬ್ಬ ಅನಿರೀಕ್ಷಿತವಾಗಿ ಎದುರಾದರೂ ‘ಸ್ಲ್ಯಾಪ್-ಬ್ಯಾಂಗ್ ಇನ್‌ಟು’ ಎನ್ನುತ್ತಾರೆ. ಅಲ್ಲಿ ಯಾರೂ ಯಾರಿಗೂ ಡಿಕ್ಕಿ ಹೊಡೆದಿರುವುದಿಲ್ಲ. ಅಂಥ ಕಡೆ ‘ಧಡಾರನೆ’ ಎಂದರೆ ಕೆಡುತ್ತದೆ, ‘ಧುತ್ತನೆ’ ಎನ್ನಬೇಕು. ಸಕಲೇಶಪುರ, ಆಲೂರು ಕಡೆಯವರು ‘ತಿರುವು ದಾಟುತ್ತಿದ್ದ ಹಾಗೆ ಆನೆ ಧುತ್ತನೆ ಎದುರಾಯಿತು’ ಎಂದು ಹೇಳುವುದನ್ನು ಕೇಳಿದ್ದೀರಿ. ಅಷ್ಟು ದೊಡ್ಡ ಪ್ರಾಣಿ ಎಷ್ಟು ನಿಶ್ಶಬ್ದವಾಗಿ ಬಂದು ನಿಲ್ಲುತ್ತದೆ ಎಂಬುದನ್ನು ಆ ಸೀಮೆಯ ತೋಟದವರಿಗೆ ಹೇಳಿಕೊಡಬೇಕಾಗಿಲ್ಲ. ‘ಧುತ್ತನೆ’ ಕಿವಿಗೆ ಸದ್ದಿನಂತೆಯೇ ಕೇಳಿದರೂ, ಆ ವಾಕ್ಯದಲ್ಲಿ ಸದ್ದು ಮಾಯವಾಗಿ ಬೆಚ್ಚಿಬೀಳುವಿಕೆಯೊಂದೇ ಉಳಿದಿದೆ. ಇಂಗ್ಲಿಷ್ ಪದದ ಕಥೆಯೂ ಇಲ್ಲಿಯವರೆಗೆ ಹೀಗೆಯೇ ಸಾಗುತ್ತದೆ.

ಬಳಕೆ ತಪ್ಪಿಹೋದ ಇನ್ನೊಂದು ಅರ್ಥವಿದೆ. ಫ್ರಾನ್ಸಿಸ್ ಗ್ರೋಸ್ ಎಂಬಾತ ಲಂಡನ್ನಿನ ಬೀದಿಮಾತುಗಳನ್ನು ಕಲೆಹಾಕಿ 1785ರಲ್ಲಿ ಪ್ರಕಟಿಸಿದ ನಿಘಂಟಿನಲ್ಲಿ ‘ಸ್ಲ್ಯಾಪ್-ಬ್ಯಾಂಗ್ ಅಂಗಡಿ’ ಎಂಬ ಮಾತು ಬರುತ್ತದೆ. ಸಾಲವೆಂಬುದೇ ಇಲ್ಲದೆ, ಉಂಡ ಊಟಕ್ಕೆ ಅಲ್ಲಿಂದಲ್ಲಿಗೇ ಕಾಸು ಎಣಿಸಬೇಕಾಗಿದ್ದ ಸಣ್ಣ ಊಟದಂಗಡಿಗೆ ಆ ಹೆಸರು. ಚಾರ್ಲ್ಸ್ ಡಿಕನ್ಸ್ 1852-53ರಲ್ಲಿ ಬರೆದ ‘ಬ್ಲೀಕ್ ಹೌಸ್’ ಕಾದಂಬರಿಯಲ್ಲಿ ವಕೀಲರ ಕಚೇರಿಯ ಗುಮಾಸ್ತರು ಊಟಕ್ಕೆ ಹೋಗುವುದು ಇಂಥದೇ ಒಂದು ಜಾಗಕ್ಕೆ. ‘ಇಂದು ನಗದು, ನಾಳೆ ಸಾಲ’ ಎಂಬ ಹಲಗೆಯನ್ನು ನಮ್ಮ ಅಂಗಡಿಗಳಲ್ಲಿ ನೋಡಿದವರಿಗೆ ಆ ವ್ಯವಹಾರ ಹೊಸದಲ್ಲ. ಇಲ್ಲಿ ಪದದ ಅರ್ಥ ‘ಕೂಡಲೇ, ಕೈಮೇಲೆ’ ಎಂದಾಗುತ್ತದೆ. ಹಳೆಯ ಕಾದಂಬರಿಗಳನ್ನು ಓದುವವರಿಗೆ ಮಾತ್ರ ಇದು ಬೇಕಾದೀತು.

ಈಗ ನಿಮ್ಮ ಮೊಮ್ಮಗಳನ್ನು ಕಾಡಿದ ಅರ್ಥಕ್ಕೆ ಬರೋಣ. ಇಂದಿನ ಬ್ರಿಟನ್ನಿನಲ್ಲಿ ಈ ಪದ ಹೆಚ್ಚಾಗಿ ಕೇಳಿಬರುವುದು ‘ಸರಿಯಾಗಿ ಅದೇ ಜಾಗದಲ್ಲಿ, ಒಂದಿಷ್ಟೂ ಅತ್ತಿತ್ತ ಇಲ್ಲದೆ’ ಎಂಬ ಅರ್ಥದಲ್ಲಿ. ‘ಸ್ಲ್ಯಾಪ್-ಬ್ಯಾಂಗ್ ಇನ್ ದ ಮಿಡ್ಲ್’ ಎಂಬ ಜೋಡಣೆಯಂತೂ ನುಡಿಗಟ್ಟಾಗಿ ನಿಂತುಬಿಟ್ಟಿದೆ. ಇಲ್ಲಿ ವ್ಯಾಕರಣದ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಗೇಟಿನ ವಾಕ್ಯದಲ್ಲಿ ಈ ಪದ ‘ಗುದ್ದಿದ’ ಎಂಬ ಕ್ರಿಯೆಗೆ ವಿಶೇಷಣವಾಗಿತ್ತು. ಮನೆಯ ವಾಕ್ಯದಲ್ಲಿ ಅದು ‘ಇತ್ತು’ ಅಥವಾ ‘ನಿಂತಿತ್ತು’ ಎಂಬ ಕ್ರಿಯೆಯನ್ನು ಬಿಟ್ಟು ‘ಮಧ್ಯದಲ್ಲಿ’ ಎಂಬ ಸ್ಥಳವಾಚಕಕ್ಕೆ ಅಂಟಿಕೊಂಡಿದೆ. ಮೊಮ್ಮಗಳು ‘ಧಡಾರನೆ ನಿಂತಿತ್ತು’ ಎಂದು ಕ್ರಿಯಾಪದಕ್ಕೆ ಕಟ್ಟಿದ್ದರಿಂದ ಮನೆ ಆಗತಾನೆ ಎಲ್ಲಿಂದಲೋ ಬಂದು ನಿಂತಂತಾಯಿತು. ಪದ ಯಾವುದಕ್ಕೆ ಅಂಟಿದೆ ಎಂದು ನೋಡಿಕೊಂಡರೆ ಎರಡು ಅರ್ಥಗಳಲ್ಲಿ ಯಾವುದು ಬೇಕೆಂಬುದು ಬಹಳಷ್ಟು ಸಲ ತಾನಾಗಿಯೇ ತಿಳಿಯುತ್ತದೆ.

ಸದ್ದು ಹೇಗೆ ಜಾಗವಾಯಿತು ಎಂಬ ನಿಮ್ಮ ಪ್ರಶ್ನೆ ಬಹಳ ಒಳ್ಳೆಯ ಪ್ರಶ್ನೆ. ನನಗೆ ತೋರುವ ದಾರಿ ಇದು. ಸ್ಲ್ಯಾಪ್, ಬ್ಯಾಂಗ್ ಎರಡೂ ಬರಿಯ ಸದ್ದುಗಳಲ್ಲ, ಪೆಟ್ಟಿನ ಸದ್ದುಗಳು. ಪೆಟ್ಟು ಬಿದ್ದಾಗ ಹೊಡೆದದ್ದಕ್ಕೂ ಹೊಡೆಸಿಕೊಂಡದ್ದಕ್ಕೂ ನಡುವೆ ಕೂದಲೆಳೆಯಷ್ಟೂ ಜಾಗವಿರುವುದಿಲ್ಲ. ಇದ್ದಿದ್ದರೆ ಸದ್ದೇ ಏಳುತ್ತಿರಲಿಲ್ಲ. ಹೀಗೆ ಸದ್ದಿನಿಂದ ತಾಗುವಿಕೆಗೆ, ತಾಗುವಿಕೆಯಿಂದ ಗುರಿಗೆ, ಗುರಿಯಿಂದ ನಿಖರತೆಗೆ ಅರ್ಥ ಜರುಗಿದೆ. ಇದೇ ದಾರಿಯಲ್ಲಿ ಹೋದ ಪದಗಳು ಇಂಗ್ಲಿಷಿನಲ್ಲಿ ಇನ್ನೂ ಇವೆ: ‘ಬ್ಯಾಂಗ್’ ಒಂದೇ ಬಂದರೂ, ‘ಸ್ಲ್ಯಾಪ್’ ಒಂದೇ ಬಂದರೂ, ಪೆಟ್ಟಿನದೇ ಇನ್ನೊಂದು ಸದ್ದಾದ ‘ಸ್ಮ್ಯಾಕ್’ ಬಂದರೂ ‘ಸರಿಯಾಗಿ ಅಲ್ಲೇ’ ಎಂಬ ಅರ್ಥ ಬರುತ್ತದೆ. ನೀರಿನ, ಗಾಳಿಯ, ಹಕ್ಕಿಯ ಸದ್ದುಗಳು ಹೀಗೆ ಜಾಗವನ್ನು ತೋರಿಸುವ ಕೆಲಸಕ್ಕೆ ಬರಲಿಲ್ಲ, ಪೆಟ್ಟಿನ ಸದ್ದುಗಳೇ ಬಂದವು ಎಂಬುದು ಈ ಊಹೆಗೆ ಬಲ ಕೊಡುತ್ತದೆ.

ಕನ್ನಡದ ಅನುಕರಣ ಪದಗಳು ಈ ದಾರಿಯಲ್ಲಿ ಅರ್ಧಕ್ಕೆ ನಿಂತಿವೆ ಎಂದು ನಾನು ತಿಳಿದಿದ್ದೇನೆ. ಥಟ್ಟನೆ, ಪಟ್ಟನೆ, ಟಕ್ಕನೆ, ಸರ್ರನೆ ಎಂಬ ಪದಗಳೆಲ್ಲ ಸದ್ದಿನಿಂದ ಹೊರಟು ವೇಗದವರೆಗೆ ಬಂದಿವೆ. ‘ಥಟ್ಟನೆ ಉತ್ತರ ಕೊಟ್ಟಳು’ ಎಂದಾಗ ಯಾರಿಗೂ ತಟ್ಟಿದ ಸದ್ದು ಕೇಳಿಸುವುದಿಲ್ಲ. ಆದರೆ ‘ಮನೆ ಥಟ್ಟನೆ ಊರ ಮಧ್ಯದಲ್ಲಿದೆ’ ಎಂದು ಕನ್ನಡ ಬಲ್ಲ ಯಾರೂ ಹೇಳಲಾರರು. ಕಾಲದವರೆಗೆ ಬಂದ ಪದ ಜಾಗದವರೆಗೆ ಬರಲಿಲ್ಲ. ಇದು ನಮ್ಮ ಭಾಷೆಯ ಬಡತನದಿಂದ ಆದದ್ದಲ್ಲ. ಆ ಕೆಲಸಕ್ಕೆ ನಮ್ಮಲ್ಲಿ ಬೇರೆ ಸಲಕರಣೆಯೇ ಇತ್ತು. ಅದನ್ನು ವ್ಯಾಕರಣದಲ್ಲಿ ದ್ವಿರುಕ್ತಿ ಎನ್ನುತ್ತಾರೆ. ನಡುವೆ ಎಂಬ ಪದ ತನ್ನನ್ನೇ ಎರಡು ಸಲ ಹೇಳಿಕೊಂಡು ನಟ್ಟನಡುವೆ ಆಗುತ್ತದೆ. ಕಡೆ ಎಂಬುದು ಕಟ್ಟಕಡೆ, ಕೊನೆ ಎಂಬುದು ಕೊಟ್ಟಕೊನೆ, ಬಯಲು ಎಂಬುದು ಬಟ್ಟಬಯಲು, ತುದಿ ಎಂಬುದು ತುತ್ತತುದಿ, ಮೊದಲು ಎಂಬುದು ಮೊತ್ತಮೊದಲು ಆಗುತ್ತವೆ. ಈ ಪದಗಳನ್ನು ಬಾಯಿಬಿಟ್ಟು ಒಮ್ಮೆ ಹೇಳಿನೋಡಿ. ನಡುವಿನ ಒತ್ತಕ್ಷರದ ಮೇಲೆ ನಾಲಗೆ ಬಂದು ಬಡಿಯುತ್ತದೆ. ಇವು ಅನುಕರಣ ಪದಗಳಲ್ಲ, ನಿಜ. ಆದರೂ ಇಂಗ್ಲಿಷ್ ಪದ ಪೆಟ್ಟಿನಿಂದ ಏನನ್ನು ಸಾಧಿಸುತ್ತದೆಯೋ ಅದನ್ನು ಕನ್ನಡ ಈ ಒತ್ತಿನಿಂದ ಸಾಧಿಸುತ್ತದೆ ಎಂದು ನನಗೆ ಅನ್ನಿಸುತ್ತದೆ.

ಆದ್ದರಿಂದ ಮೊಮ್ಮಗಳ ವಾಕ್ಯ ‘ಆ ಮನೆ ಹಳ್ಳಿಯ ನಟ್ಟನಡುವೆ ಇತ್ತು’ ಎಂದಾಗಲಿ. ಬೇಲೂರಿನ ಚೆನ್ನಕೇಶವ ದೇವಾಲಯ ಪ್ರಾಕಾರದ ಅಂಗಳದ ನಟ್ಟನಡುವೆ ಇದೆ ಎನ್ನುವಾಗಲೂ, ಕಾಫಿ ಕುಯ್ಲಿನ ನಟ್ಟನಡುವೆ ಮಳೆ ಹಿಡಿದುಕೊಂಡಿತು ಎನ್ನುವಾಗಲೂ ಇದೇ ಪದ ಸಲ್ಲುತ್ತದೆ. ಇಂಗ್ಲಿಷ್ ಪದವೂ ಹೀಗೆಯೇ ಜಾಗಕ್ಕೂ ಕಾಲಕ್ಕೂ ಸಲ್ಲುತ್ತದೆ. ‘ನಡುವೆ’ ಅಲ್ಲದೆ ‘ಎದುರಿಗೆ’, ‘ಪಕ್ಕದಲ್ಲಿ’ ಎಂಬ ಪದಗಳೊಡನೆ ಬಂದರೆ ದ್ವಿರುಕ್ತಿ ಒಗ್ಗುವುದಿಲ್ಲ. ಅಲ್ಲಿ ನಮ್ಮ ಅವಧಾರಣೆಯ ‘ಏ’ ಸಾಕು: ‘ಬಸ್ ನಿಲ್ದಾಣದ ಎದುರಿಗೇ ಅಂಗಡಿ’, ‘ಶಾಲೆಯ ಪಕ್ಕದಲ್ಲೇ ಮನೆ’. ಒಂದು ದೀರ್ಘದಲ್ಲಿ ಮುಗಿಯುವ ಕೆಲಸಕ್ಕೆ ಎರಡು ಸದ್ದುಗಳನ್ನು ತಂದು ಹೊರಿಸಬೇಕಾಗಿಲ್ಲ.

ಒಂದು ಕೊರತೆಯನ್ನು ಮಾತ್ರ ಒಪ್ಪಿಕೊಳ್ಳಬೇಕು. ಸ್ಲ್ಯಾಪ್-ಬ್ಯಾಂಗ್ ಹರಟೆಯ ಪದ. ನಟ್ಟನಡುವೆ ಗಂಭೀರವಾದ ಗದ್ಯದಲ್ಲೂ ಕಾವ್ಯದಲ್ಲೂ ಸಲ್ಲುವ ಪದ. ಕಥೆಯಲ್ಲಿ ಆ ಮಾತನ್ನು ಹೇಳುವವರು ಅಜ್ಜಿಯೋ ಅಂಗಡಿಯವರೋ ಆಗಿದ್ದರೆ ‘ಊರ ನಡುಮಧ್ಯದಲ್ಲೇ ಮನೆ ಕಟ್ಟಿಸಿದಾನೆ’ ಎಂದು ಬರೆಯಲು ಹೇಳಿ. ನಡುವೂ ಮಧ್ಯವೂ ಒಂದೇ ಆದರೂ ಕನ್ನಡವನ್ನೂ ಸಂಸ್ಕೃತವನ್ನೂ ಜೋಡಿಸಿ ಒತ್ತಿ ಹೇಳುವ ಆ ಮಾತಿನಲ್ಲಿ ಜಗುಲಿಯ ದನಿಯಿದೆ.

ಕೊನೆಯದಾಗಿ, ಅನುಕರಣ ಪದಗಳೆಂದರೆ ಮಕ್ಕಳ ಮಾತು ಎಂಬ ಭಾವನೆ ಕೆಲವು ಶಿಕ್ಷಕರಲ್ಲಿದೆ. ಉತ್ತರಪತ್ರಿಕೆಯಲ್ಲಿ ಅವು ಕಂಡರೆ ಕೆಂಪು ಗೆರೆ ಎಳೆಯುತ್ತಾರೆ. ಇದು ನನಗೆ ನೋವಿನ ವಿಷಯ. ಹಳೇಬೀಡು ರಾಜಧಾನಿಯಾಗಿದ್ದ ಹೊಯ್ಸಳರ ಕಾಲದಲ್ಲಿ, 13ನೆಯ ಶತಮಾನದಲ್ಲಿ, ‘ಶಬ್ದಮಣಿದರ್ಪಣ’ವನ್ನು ಬರೆದ ಕೇಶಿರಾಜ ಅನುಕರಣ ಶಬ್ದಗಳನ್ನು ವ್ಯಾಕರಣದ ವಿಷಯವೆಂದೇ ಪರಿಗಣಿಸಿದ್ದಾನೆ. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ಅವರ ನಿಘಂಟು ಇಂಥ ಪದಗಳಿಗೆ ಧಾರಾಳವಾಗಿ ಜಾಗ ಕೊಟ್ಟಿದೆ. ದ್ರಾವಿಡ ಭಾಷೆಗಳ ವಿದ್ವಾಂಸ ಎಮೆನೋ 1969ರಲ್ಲಿ ಪ್ರಕಟಿಸಿದ ಲೇಖನವೊಂದರಲ್ಲಿ, ಬೇರೆ ಬೇರೆ ಕುಟುಂಬಗಳಿಗೆ ಸೇರಿದ ಭಾರತದ ಭಾಷೆಗಳು ಈ ಬಗೆಯ ಪದಗಳನ್ನು ಸಮಾನವಾಗಿ ಹಂಚಿಕೊಂಡಿವೆ ಎಂದು ತೋರಿಸಿಕೊಟ್ಟರು. ಕನ್ನಡದಲ್ಲಂತೂ ಇವು ಕಿವಿಯನ್ನು ದಾಟಿ ಬಹಳ ದೂರ ಹೋಗಿವೆ: ಥಳಥಳ ಕಣ್ಣಿಗೆ, ಘಮಘಮ ಮೂಗಿಗೆ, ಚುರುಚುರು ಚರ್ಮಕ್ಕೆ, ಗಪಗಪ ತಿನ್ನುವವನ ಅವಸರಕ್ಕೆ.

ಪ್ರಶ್ನೆ: ಇಂಗ್ಲಿಷಿನ ಅರ್ಜಿಗಳಲ್ಲಿ, ಪರೀಕ್ಷೆಯ ಪ್ರಬಂಧದಲ್ಲಿ ಈ ಪದವನ್ನು ಬಳಸಬಹುದೆ?
— ಓದುಗರೊಬ್ಬರು, ಅರಸೀಕೆರೆ

ಉತ್ತರ: ಅರ್ಜಿಯಲ್ಲಿ ಬೇಡ. ಅದು ಆಡುಮಾತಿನ ಪದ. ಸರ್ವೆ ನಂಬರಿನ ನಕ್ಷೆಯ ಬಗ್ಗೆ ಬರೆಯುವಾಗ ‘ಎಕ್ಸಾಕ್ಟ್ಲಿ’ ಅಥವಾ ‘ಡೈರೆಕ್ಟ್ಲಿ’ ಎಂದು ಬರೆಯುವುದೇ ಯುಕ್ತ. ಪ್ರಬಂಧದಲ್ಲಿ ಕಥೆಯನ್ನೋ ಸಂಭಾಷಣೆಯನ್ನೋ ಬರೆಯುತ್ತಿದ್ದರೆ ಧೈರ್ಯವಾಗಿ ಬಳಸಬಹುದು. ನಡುವೆ ಅಡ್ಡಗೆರೆ ಹಾಕಿ ಬರೆಯುವವರೂ ಇದ್ದಾರೆ, ಎರಡು ಪದವಾಗಿ ಬಿಡಿಸಿ ಬರೆಯುವವರೂ ಇದ್ದಾರೆ. ಒಂದು ಬರಹದಲ್ಲಿ ಒಂದೇ ರೀತಿ ಇರಲಿ.

ಪ್ರಶ್ನೆ: ಅಮೆರಿಕದವರು ‘ಸ್ಮ್ಯಾಕ್-ಡ್ಯಾಬ್’ ಎನ್ನುವುದನ್ನು ಕೇಳಿದ್ದೇನೆ. ಇದೂ ಅದೇ ಪದವೆ? ‘ಪ್ಲಮ್ ಇನ್ ದ ಮಿಡ್ಲ್’ ಎಂದೂ ಓದಿದ್ದೇನೆ. ಅದು ಯಾವ ಸದ್ದು?
— ಓದುಗರೊಬ್ಬರು, ಸಕಲೇಶಪುರ

ಉತ್ತರ: ಸ್ಮ್ಯಾಕ್-ಡ್ಯಾಬ್ ಅದೇ ಮನೆತನದ ಪದ. ಅದರಲ್ಲಿಯೂ ಎರಡು ಪೆಟ್ಟುಗಳಿವೆ, ಒಂದು ಜೋರಾದದ್ದು, ಇನ್ನೊಂದು ಮೆಲ್ಲಗೆ ತಟ್ಟುವಂಥದು. ವ್ಯತ್ಯಾಸವೆಂದರೆ ಅಮೆರಿಕದ ಪದ ನಿಖರತೆಯ ಅರ್ಥಕ್ಕೇ ನೆಲೆನಿಂತಿದೆ. ಡಿಕ್ಕಿಯ ರಭಸವನ್ನು ಹೇಳುವ ಅಭ್ಯಾಸ ಬ್ರಿಟನ್ನಿನ ಪದಕ್ಕೆ ಹೆಚ್ಚು. ಆದ್ದರಿಂದ ಸ್ಮ್ಯಾಕ್-ಡ್ಯಾಬ್ ಎಂದು ಕಂಡಲ್ಲಿ ‘ನಟ್ಟನಡುವೆ’ಯನ್ನೋ ‘ಏ’ ಪ್ರತ್ಯಯವನ್ನೋ ಹಾಕಿದರೆ ಬಹುತೇಕ ಸರಿಹೋಗುತ್ತದೆ.

‘ಪ್ಲಮ್’ ಮಾತ್ರ ಸದ್ದಲ್ಲ. ಧೊಪ್ಪನೆ ಬೀಳುವುದನ್ನು ಅನುಕರಿಸುವ ‘ಪ್ಲಂಪ್’ ಎಂಬ ಬೇರೊಂದು ಪದ ಇರುವುದರಿಂದ ಎರಡನ್ನೂ ಒಂದೆಂದು ತಿಳಿಯುವ ಸಂಭವವಿದೆ. ಪ್ಲಮ್ ಹುಟ್ಟಿದ್ದು ಸೀಸಕ್ಕೆ ಲ್ಯಾಟಿನ್ ಭಾಷೆಯಲ್ಲಿರುವ ‘ಪ್ಲಂಬಮ್’ ಎಂಬ ಹೆಸರಿನಿಂದ. ಗೋಡೆ ನೆಟ್ಟಗೆ ಎದ್ದಿದೆಯೇ ಎಂದು ನೋಡಲು ಗಾರೆಯವರು ದಾರದ ತುದಿಗೆ ಕಟ್ಟಿ ಇಳಿಬಿಡುವ ತೂಕದ ಗುಂಡನ್ನು ಅಲ್ಲಿ ಸೀಸದಿಂದ ಮಾಡುತ್ತಿದ್ದರು. ಆ ದಾರ ಅಲುಗಾಡುವುದನ್ನು ನಿಲ್ಲಿಸಿದಾಗ ಗುಂಡು ಎಲ್ಲಿ ನಿಲ್ಲುತ್ತದೆಯೋ ಅದೇ ಸರಿಯಾದ ಜಾಗ.