ನಂಬದವರಿಗೂ ಅದ್ವೈತವೇ? ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ದೇವರನ್ನಾಗಲಿ ಪುನರ್ಜನ್ಮವನ್ನಾಗಲಿ ನಂಬುವವನು ನಾನಲ್ಲ. ಆದರೂ ಅದ್ವೈತದ ವಿಚಾರಸರಣಿ ಹಿಡಿಸುತ್ತದೆ. ‘ಮೊದಲು ಶ್ರದ್ಧೆ ಬೇಕು’ ಎಂದು ಬಾಗಿಲಲ್ಲೇ ತಡೆಯುತ್ತಾರೆ. ಏನು ಮಾಡಲಿ?

ಉತ್ತರ: ಒಳಗೆ ಬನ್ನಿ. ಶಮ, ದಮ, ಉಪರತಿ, ತಿತಿಕ್ಷೆ, ಶ್ರದ್ಧೆ, ಸಮಾಧಾನ ಎಂದು ವೇದಾಂತ ಕಲಿಯುವವರಲ್ಲಿ ಇರಬೇಕೆನ್ನುವ ಆರು ಗುಣಗಳಲ್ಲಿ ಶ್ರದ್ಧೆಯೂ ಒಂದು, ನಿಜ. ಆದರೆ ಪ್ರಶ್ನೆ ಕೇಳಕೂಡದು ಎಂಬ ಕಟ್ಟಳೆ ಅದಲ್ಲ. ಬೆಂಕಿ ತಣ್ಣಗಿದೆ, ಬೆಳಗುವುದಿಲ್ಲ ಎಂದು ನೂರು ಶ್ರುತಿಗಳು (ವೇದವಾಕ್ಯಗಳು) ಸಾರಿದರೂ ಅದು ಪ್ರಮಾಣವಾಗದು ಎಂದವರು ಶಂಕರರೇ (ಗೀತಾಭಾಷ್ಯ 18.66). ಹಾಗೆಂದು ಹಿಗ್ಗಬೇಡಿ. ಬ್ರಹ್ಮಸೂತ್ರ 2.1.11ರ ಭಾಷ್ಯದಲ್ಲಿ ಬರೀ ತರ್ಕಕ್ಕೂ ಅವರು ಪೆಟ್ಟು ಕೊಟ್ಟಿದ್ದಾರೆ: ಒಬ್ಬ ಜಾಣ ಕಟ್ಟಿದ್ದನ್ನು ಅವನಿಗಿಂತ ಜಾಣ ಕೆಡವುತ್ತಾನೆ. ಶ್ರವಣದ (ಕೇಳಿ ತಿಳಿಯುವುದರ) ನಂತರ ಮನನವನ್ನು (ತರ್ಕಿಸಿ ನೋಡುವುದನ್ನು) ಇಟ್ಟಿರುವುದೇ ಸಂದೇಹಗಳಿಗಾಗಿ. ಪುನರ್ಜನ್ಮವನ್ನು ಸದ್ಯಕ್ಕೆ ಬದಿಗಿಡಿ, ನೋಡುವುದು (ದೃಕ್) ಯಾವುದು, ಕಾಣುವುದು (ದೃಶ್ಯ) ಯಾವುದು ಎಂಬ ದೃಕ್-ದೃಶ್ಯ ವಿಚಾರಕ್ಕೆ ಅದರ ಹಂಗಿಲ್ಲ. ಶ್ರುತಿಪ್ರಾಮಾಣ್ಯ ಒಪ್ಪದವರನ್ನು ಸಂಪ್ರದಾಯಸ್ಥರು ವೇದಾಂತಿ ಎನ್ನುವುದಿಲ್ಲ. ಆ ಹಣೆಪಟ್ಟಿ ಬೇಡವೆಂದಾದರೆ ತಕರಾರೇ ಇಲ್ಲ.

ಪ್ರಶ್ನೆ: ಸಾಕ್ಷಿಭಾವ (ಮನಸ್ಸಿನಲ್ಲಿ ಬಂದುಹೋಗುವುದನ್ನು ಬರೀ ನೋಡುತ್ತಿರುವುದು) ಅಭ್ಯಾಸ ಮಾಡುವಾಗ ತಲೆಯ ಹಿಂದಿನಿಂದ ಯಾರೋ ನೋಡುತ್ತಿರುವಂತೆ ಅನಿಸುತ್ತದೆ. ಅದೇ ಸಾಕ್ಷಿಯೇ? ತಲೆಭಾರವೂ ಬರುತ್ತದೆ.

ಉತ್ತರ: ಅಲ್ಲ. ‘ತಲೆಯ ಹಿಂದೆ’ ಎಂದು ಜಾಗ ತೋರಿಸಿದಿರಲ್ಲ, ಜಾಗವಿರುವುದೆಲ್ಲ ದೃಶ್ಯ. ಅಭ್ಯಾಸವನ್ನು ಮೊದಲಿನಿಂದ ಹಿಡಿಯಿರಿ. ಎದುರಿಗೆ ಒಂದು ಬಟ್ಟಲು ಇಟ್ಟುಕೊಳ್ಳಿ. ಅದನ್ನು ತಿರುಗಿಸಿದಂತೆ ಆಕಾರ ಬೇರೆಬೇರೆ ಕಾಣುತ್ತದೆ, ನೋಡುವ ಕಣ್ಣು ಅದೇ. ಈಗ ಕನ್ನಡಕ ತೆಗೆಯಿರಿ, ಇಲ್ಲವೇ ಕಣ್ಣನ್ನು ಅರೆಮುಚ್ಚಿ. ‘ಮಂಜಾಯಿತು’ ಎಂದು ಗೊತ್ತಾದದ್ದು ಕಣ್ಣಿಗಲ್ಲ, ಮನಸ್ಸಿಗೆ. ಇಲ್ಲಿ ಕಣ್ಣೇ ದೃಶ್ಯವಾಯಿತು. ಆಮೇಲೆ ಮನಸ್ಸು: ಬೇಸರ ಬಂತು, ಹೋಯಿತು, ಅನುಮಾನ ಬಂತು. ‘ದೃಗ್ದೃಶ್ಯವಿವೇಕ’ ಎಂಬ ಅದ್ವೈತಗ್ರಂಥದ ನಾಲ್ಕನೆಯ ಶ್ಲೋಕ ಹೀಗೆ ಅರಿವಿಗೆ ಕಾಣುವ ಮನೋವೃತ್ತಿಗಳನ್ನು ಎಣಿಸುವಾಗ ಶ್ರದ್ಧೆಯನ್ನೂ ಅಶ್ರದ್ಧೆಯನ್ನೂ ಒಟ್ಟಿಗೇ ಸೇರಿಸುತ್ತದೆ. ಮೇಲಿನ ಪ್ರಶ್ನೆ ಕೇಳಿದವರೂ ಇದನ್ನು ಗಮನಿಸಬಹುದು.

ಜಾರುವುದು ಇದರ ಮುಂದೆ. ‘ಇದನ್ನೆಲ್ಲ ನೋಡುತ್ತಿರುವವನನ್ನು ಹಿಡಿಯೋಣ’ ಎಂದು ಹಿಂದಕ್ಕೆ ತಿರುಗಿದರೆ ಮನಸ್ಸು ಒಬ್ಬ ಸಾಕ್ಷಿಯ ಚಿತ್ರವನ್ನು ಬರೆದುಕೊಡುತ್ತದೆ. ನಿಮಗಾದದ್ದು ಇದೇ. ಆ ಚಿತ್ರ ಮೂಡಿದಾಗ ‘ಇದೂ ಕಾಣುತ್ತಿದೆ’ ಎಂದು ಬಿಟ್ಟುಬಿಡಿ. ನಾಲ್ಕನೆಯ ಹೆಜ್ಜೆ ಎಂಬುದಿಲ್ಲ. ಹುಬ್ಬು ಬಿಗಿದು ಹುಡುಕುತ್ತಾ ಕೂರುವುದರಿಂದಲೂ ತಲೆಭಾರ ಬರಬಹುದು. ಹತ್ತು-ಹದಿನೈದು ನಿಮಿಷಕ್ಕೆ ಎದ್ದುಬಿಡಿ. ಆದರೂ ಬಿಡದಿದ್ದರೆ ವೈದ್ಯರನ್ನು ಕಾಣಿ. ಇನ್ನೊಂದು: ಮನೆಯವರು ಅಳುತ್ತಿರುವಾಗ ‘ನಾನು ಸಾಕ್ಷಿ’ ಎಂದು ಕಲ್ಲಿನಂತೆ ಕೂರುವುದು ವಿವೇಕವಲ್ಲ, ಅದು ತಪ್ಪಿಸಿಕೊಳ್ಳುವ ಉಪಾಯ.

ಪ್ರಶ್ನೆ: ಜಗತ್ತು ಮಿಥ್ಯೆಯಾದರೆ ಕಲ್ಲು ಎಡವಿದಾಗ ನೋಯುವುದೇಕೆ?

ಉತ್ತರ: ಮಿಥ್ಯೆ ಬೇರೆ, ಮೊಲದ ಕೊಂಬಿನಂತೆ ಇಲ್ಲವೇ ಇಲ್ಲದ್ದು ಬೇರೆ. ವ್ಯವಹಾರದಲ್ಲಿ ಕಲ್ಲೂ ಉಂಟು, ನೋವೂ ಉಂಟು. ಬಾಹ್ಯವಸ್ತುವೇ ಇಲ್ಲವೆಂದ ಬೌದ್ಧ ವಿಜ್ಞಾನವಾದಿಗಳನ್ನು ಶಂಕರರು ಖಂಡಿಸಿ, ಎಚ್ಚರ ಕನಸಿನಂತಲ್ಲ ಎಂದಿದ್ದಾರೆ (ಬ್ರಹ್ಮಸೂತ್ರಭಾಷ್ಯ 2.2.28-29). ಗೌಡಪಾದರ ಮಾಂಡೂಕ್ಯಕಾರಿಕೆಯ ಎರಡನೆಯ ಪ್ರಕರಣವಾದರೋ ಎಚ್ಚರ, ಕನಸು ಎರಡನ್ನೂ ಸಾಟಿ ಮಾಡುತ್ತದೆ. ಅದನ್ನೇ ಮೊದಲು ಓದಿದವರಿಗೆ ಈ ಗೊಂದಲ ಬರುವುದು ಸಹಜ.

ಪ್ರಶ್ನೆ: ‘ಸುಖವಾಗಿ ಮಲಗಿದ್ದೆ, ಏನೂ ತಿಳಿಯಲಿಲ್ಲ’ ಎಂಬ ನೆನಪಿನಿಂದ ಗಾಢನಿದ್ದೆಯಲ್ಲೂ ಅರಿವಿತ್ತು ಎನ್ನುತ್ತಾರೆ. ಈ ವಾದ ನಿಲ್ಲುತ್ತದೆಯೇ?

ಉತ್ತರ: ಪ್ರವಚನಗಳಲ್ಲಿ ಕೇಳಿಸುವಷ್ಟು ಸಲೀಸಾಗಿ ನಿಲ್ಲುವುದಿಲ್ಲ. ಅದು ನೆನಪಲ್ಲ, ಎದ್ದಮೇಲೆ ಮಾಡಿದ ಅನುಮಾನ (ತರ್ಕದಿಂದ ಊಹಿಸಿದ್ದು) ಎಂದು ನ್ಯಾಯದರ್ಶನದ ತಾರ್ಕಿಕರಾದ ನೈಯಾಯಿಕರು ಹಿಂದೆಯೇ ಆಕ್ಷೇಪಿಸಿದ್ದರು. ಅನುಮಾನಕ್ಕೆ ಹೇತು (ಆಧಾರವಾದ ಗುರುತು) ಬೇಕಲ್ಲ, ಆ ಹೊತ್ತಿನ ಅರಿವೇ ಇಲ್ಲದಿದ್ದರೆ ಹೇತು ಎಲ್ಲಿಂದ ಬಂತು ಎಂಬುದು ಅದ್ವೈತಿಗಳ ಮರುಪ್ರಶ್ನೆ. ಎರಡೂ ಕಡೆ ತೂಕವಿದೆ. ಅದ್ವೈತಿಗಳೇ ಗೆದ್ದರೆಂದುಕೊಂಡರೂ ಸಿಗುವುದು ‘ನನ್ನ ನಿದ್ದೆಯಲ್ಲಿ ಅರಿವಿತ್ತು’ ಎಂಬಷ್ಟೇ. ನಿಮ್ಮ ಅರಿವೂ ನನ್ನ ಅರಿವೂ ಒಂದೇ ಎಂಬುದು ಇದರಿಂದ ಹೊರಡುವುದಿಲ್ಲ. ಅದಕ್ಕೆ, ನಮ್ಮಿಬ್ಬರನ್ನು ಬೇರ್ಪಡಿಸುವ ಗುರುತುಗಳೆಲ್ಲ ದೇಹಕ್ಕೋ ಮನಸ್ಸಿಗೋ ಸೇರಿದವೇ ಎಂದು ಒಂದೊಂದಾಗಿ ನೋಡಬೇಕು, ‘ತತ್ತ್ವಮಸಿ’ (‘ಅದು ನೀನೇ’, ಛಾಂದೋಗ್ಯ ಉಪನಿಷತ್ತು 6.8.7) ಎಂಬ ವಾಕ್ಯದ ಚರ್ಚೆ ನಡೆಯುವುದು ಅಲ್ಲಿ.